ಕುಡಿದಿಲ್ಲ ಅಂದವರನ್ನು ಒಮ್ಮೆ ಪರೀಕ್ಷೆ ಮಾಡಿ ನೋಡಿ: ಎಮರ್ಜೆನ್ಸಿ ವಾರ್ಡಿನ ವೈದ್ಯರಿಗೆ ಬಹಿರಂಗ ಪತ್ರ

ಎಮರ್ಜೆನ್ಸಿ ವಾರ್ಡುಗಳಲ್ಲಿ ದುಡಿಯುವ ಎಲ್ಲ ಡಾಕ್ಟರುಗಳಿಗೆ, ನರ್ಸುಗಳಿಗೆ,

ನಮಸ್ಕಾರ.

ಕುಡಿದು ನಿಮ್ಮ ವಾರ್ಡಿಗೆ ಬರುವವರಲ್ಲಿ ಎಷ್ಟೋ ಜನ "ನಾನು ಕುಡಿದೇ ಇಲ್ಲ" ಅಂತಲೇ ಹೇಳುತ್ತಾರೆ. ರಾತ್ರಿಯಿಡೀ ಅಂಥವರ ಬೈಗುಳ ಕೇಳಿ, ವಾಂತಿ ಒರೆಸಿ, ಗಾಯಕ್ಕೆ ಹೊಲಿಗೆ ಹಾಕುವವರು ನೀವು. ಆ ಮಾತಿನ ಮೇಲೆ ನಿಮಗೆ ನಂಬಿಕೆಯೇ ಹೋಗಿದ್ದರೆ ಆಶ್ಚರ್ಯವಿಲ್ಲ. ಆದರೂ ಈ ಪತ್ರ ಬರೆಯುತ್ತಿದ್ದೇನೆ. ಯಾಕಂದರೆ ಹಾಗೆ ಹೇಳುವವರಲ್ಲಿ ಅಪರೂಪಕ್ಕೊಬ್ಬರು ನಿಜವನ್ನೇ ಹೇಳುತ್ತಿರುತ್ತಾರೆ. ಅವರ ಬಾಯಿಂದ ಹೆಂಡದ ವಾಸನೆ ಬರುತ್ತಿರುತ್ತದೆ. ನಾಲಿಗೆ ತೊದಲುತ್ತಿರುತ್ತದೆ. ರಕ್ತ ಪರೀಕ್ಷೆಯಲ್ಲಿ ಆಲ್ಕೋಹಾಲ್ ಢಾಳಾಗಿ ಕಾಣುತ್ತದೆ. ಆದರೆ ಅವರು ಒಂದು ತೊಟ್ಟೂ ಕುಡಿದಿರುವುದಿಲ್ಲ. ಅಷ್ಟೂ ಆಲ್ಕೋಹಾಲ್ ಅವರ ಹೊಟ್ಟೆಯೊಳಗೇ ತಯಾರಾಗಿರುತ್ತದೆ.

ಇದಕ್ಕೆ ಆಟೋ ಬ್ರೂವರಿ ಸಿಂಡ್ರೋಮ್ ಅನ್ನುತ್ತಾರೆ. ನನ್ನ ಅಣ್ಣನಿಗೆ ಇರುವುದು ಇದೇ ಕಾಯಿಲೆ.

ಅಣ್ಣ ಕುಡಿಯುವವನೇ ಅಲ್ಲ. ಹಲ್ಲಿನ ಸೋಂಕಿಗೆ ಬಹಳ ದಿನ ಆಂಟಿಬಯೋಟಿಕ್ ನುಂಗಿದ್ದ. ಅದಾಗಿ ಕೆಲವು ತಿಂಗಳಿಗೆ, ಊಟವಾದ ಒಂದೆರಡು ಗಂಟೆಗೆಲ್ಲ ಮಂಕು ಕವಿಯುವುದು, ಮಾತು ತಡವರಿಸುವುದು, ಗೋಡೆ ಹಿಡಿದು ನಡೆಯುವುದು ಶುರುವಾಯಿತು. ಬೆಳಿಗ್ಗೆ ಎದ್ದರೆ ತಲೆ ಸಿಡಿಯುತ್ತಿತ್ತು. ಅತ್ತಿಗೆ ಬೀರು, ಮಂಚದ ಅಡಿ, ಕಾರಿನ ಡಿಕ್ಕಿ ಎಲ್ಲ ತಡಕಿದರು. ಒಂದು ಖಾಲಿ ಬಾಟಲಿಯೂ ಸಿಗಲಿಲ್ಲ. ಸಿಗಲಿಲ್ಲ ಅಂತ ಅವರಿಗೆ ಸಮಾಧಾನವೇನೂ ಆಗಲಿಲ್ಲ. ಇಷ್ಟು ಜಾಣತನದಿಂದ ಬಚ್ಚಿಡುತ್ತಿದ್ದಾರಲ್ಲ ಅಂತ ಇನ್ನಷ್ಟು ಅತ್ತರು. ಆಮೇಲೆ ಅಣ್ಣ ಒಂದು ರಾತ್ರಿ ಮೆಟ್ಟಿಲಿಂದ ಬಿದ್ದ. ಆಸ್ಪತ್ರೆಗೆ ಕರೆದುಕೊಂಡು ಹೋದೆವು. ಡ್ಯೂಟಿ ಡಾಕ್ಟರು ರಕ್ತದ ರಿಪೋರ್ಟ್ ನೋಡಿ "ಎಷ್ಟು ಕುಡಿದಿದ್ದೀರಿ?" ಅಂದರು. "ಕುಡಿದಿಲ್ಲ ಡಾಕ್ಟ್ರೇ" ಅಂದ ಅಣ್ಣ. ಅವರು ತಲೆ ಎತ್ತದೆ ಫೈಲಿನಲ್ಲಿ ಬರೆದುಕೊಂಡರು: ಮದ್ಯವ್ಯಸನಿ, ಒಪ್ಪಿಕೊಳ್ಳುತ್ತಿಲ್ಲ.

ನನ್ನ ತಕರಾರು ಇರುವುದು ಇಲ್ಲಿಯೇ. ರಕ್ತದಲ್ಲಿ ಆಲ್ಕೋಹಾಲ್ ಇದೆ ಅಂತ ಬರೆದರೆ ಅದು ಸತ್ಯ. ಕುಡಿದಿದ್ದಾನೆ ಅಂತ ಬರೆದರೆ ಅದು ಊಹೆ. ಒಪ್ಪಿಕೊಳ್ಳುತ್ತಿಲ್ಲ ಅಂತ ಬರೆದುಬಿಟ್ಟರೆ ಆ ಊಹೆಗೆ ಬೀಗ ಜಡಿದ ಹಾಗೆ. ಅಲ್ಲಿಂದ ಮುಂದೆ ರೋಗಿ "ಕುಡಿದಿಲ್ಲ" ಅಂದಷ್ಟೂ ಅವನ ವ್ಯಸನಕ್ಕೆ ಸಾಕ್ಷಿ ಹೆಚ್ಚುತ್ತಾ ಹೋಗುತ್ತದೆ. ಮುಂದಿನ ಸಲ ಬೇರೆ ಡಾಕ್ಟರು ಬರುತ್ತಾರೆ, ಮೊದಲು ಫೈಲ್ ಓದುತ್ತಾರೆ, ಆಮೇಲೆ ರೋಗಿಯ ಮುಖ ನೋಡುತ್ತಾರೆ.

ಈ ಕಾಯಿಲೆಯಲ್ಲಿ ನಿಗೂಢ ಅನ್ನುವಂಥದ್ದು ಏನೂ ಇಲ್ಲ. ಎಲ್ಲರ ಕರುಳಿನಲ್ಲೂ ಒಂಚೂರು ಎಥನಾಲ್, ಅಂದರೆ ಮದ್ಯದಲ್ಲಿರುವ ಅದೇ ಆಲ್ಕೋಹಾಲ್, ಆಗುತ್ತಲೇ ಇರುತ್ತದೆ. ಕರುಳಿನಿಂದ ಹೊರಟ ರಕ್ತ ಮೊದಲು ಲಿವರಿಗೆ ಹೋಗುವುದರಿಂದ ಆ ಚೂರು ಅಲ್ಲೇ ಮುಗಿದುಹೋಗುತ್ತದೆ, ನಮಗೆ ಗೊತ್ತೂ ಆಗುವುದಿಲ್ಲ. ಆದರೆ ಆಂಟಿಬಯೋಟಿಕ್ ದೆಸೆಯಿಂದ ಒಳ್ಳೆಯ ಬ್ಯಾಕ್ಟೀರಿಯಾ ಸತ್ತು ಯೀಸ್ಟ್ ಅನ್ನುವ ಫಂಗಸ್ ಜಾಸ್ತಿಯಾಯಿತು ಅನ್ನಿ. ಆಗ ಅದು ಊಟದ ಪಿಷ್ಟದಿಂದ ಬಂದ ಗ್ಲೂಕೋಸನ್ನು ಒಡೆದು ಪೈರುವೇಟ್ ಮಾಡುತ್ತದೆ, ಪೈರುವೇಟಿನಿಂದ ಅಸಿಟಾಲ್ಡಿಹೈಡ್, ಅದರಿಂದ ಎಥನಾಲ್. ಜೊತೆಗೆ ಕಾರ್ಬನ್ ಡೈಆಕ್ಸೈಡ್ ಬರುವುದರಿಂದ ಹೊಟ್ಟೆ ಉಬ್ಬರಿಸುತ್ತದೆ. ಹೀಗೆ ಮಾಡುವ ಯೀಸ್ಟುಗಳಲ್ಲಿ ಒಂದು ಸ್ಯಾಕರೋಮೈಸಿಸ್ ಸೆರೆವಿಸಿಯೆ. ಬ್ರೆಡ್ ಉಬ್ಬಿಸುವುದಕ್ಕೆ, ಬಿಯರ್ ಮಾಡುವುದಕ್ಕೆ ಬಳಸುವುದು ಇದನ್ನೇ. ಕ್ಯಾಂಡಿಡಾ ಜಾತಿಯ ಹಲವು ಯೀಸ್ಟುಗಳೂ ಇದೇ ಕೆಲಸ ಮಾಡುತ್ತವೆ. ಸಕ್ಕರೆ ಕಾಯಿಲೆ ಇರುವವರಲ್ಲಿ, ಕ್ರೋನ್ಸ್ ಅನ್ನುವ ಕರುಳಿನ ಉರಿಯೂತದ ಕಾಯಿಲೆ ಇರುವವರಲ್ಲಿ, ಆಪರೇಷನ್ ಆಗಿ ಕರುಳು ಗಿಡ್ಡವಾದವರಲ್ಲಿ, ಲಿವರ್ ಕೆಟ್ಟವರಲ್ಲಿ ಇದರ ಸಾಧ್ಯತೆ ಹೆಚ್ಚು.

ಜಪಾನಿನ ವೈದ್ಯರು 1970ರ ದಶಕದಲ್ಲೇ ಇಂಥ ರೋಗಿಗಳ ಬಗ್ಗೆ ಬರೆದಿದ್ದಾರೆ. ಅಂದರೆ ವೈದ್ಯಲೋಕಕ್ಕೆ ಇದು ಹೊಸತಲ್ಲ. ಆದರೂ ಪ್ರತಿ ರೋಗಿಯೂ ತಾನೇ ಮೊದಲಿಗ ಅನ್ನುವ ಹಾಗೆ ಮೊದಲಿಂದ ಹೋರಾಡಬೇಕು.

2013ರಲ್ಲಿ ಅಮೆರಿಕದ ಟೆಕ್ಸಸ್‌ನಿಂದ ಪ್ರಕಟವಾದ ಒಂದು ವರದಿ ನಮಗೆ ದಾರಿ ತೋರಿಸಿತು. ಬಾರ್ಬರಾ ಕಾರ್ಡೆಲ್ ಮತ್ತು ಜಸ್ಟಿನ್ ಮೆಕಾರ್ಥಿ ಬರೆದದ್ದು. 61 ವರ್ಷದ ಒಬ್ಬರನ್ನು 2009ರಲ್ಲಿ ಎಮರ್ಜೆನ್ಸಿಗೆ ತಂದಾಗ ಅವರ 100 ಮಿಲಿಲೀಟರ್ ರಕ್ತದಲ್ಲಿ 371 ಮಿಲಿಗ್ರಾಂ ಆಲ್ಕೋಹಾಲ್ ಇತ್ತು. ಹಲವು ದೇಶಗಳಲ್ಲಿ ಗಾಡಿ ಓಡಿಸುವವರಿಗೆ ಇರುವ ಮಿತಿ 50, ಕೆಲವು ಕಡೆ 80 ಮಿಲಿಗ್ರಾಂ ಅಂತ ನೆನೆಸಿಕೊಂಡರೆ 371 ಎಷ್ಟು ಅಂತ ತಿಳಿಯುತ್ತದೆ. ಅವರು ಕುಡಿದಿಲ್ಲ ಅಂದಾಗ ಯಾರೂ ನಂಬಲಿಲ್ಲ. ಮರುವರ್ಷ ವೈದ್ಯರು ಒಂದು ಸರಳ ಕೆಲಸ ಮಾಡಿದರು. ಅವರ ಸಾಮಾನುಗಳನ್ನೆಲ್ಲ ತಪಾಸಣೆ ಮಾಡಿ, ಯಾರೂ ಏನೂ ತಂದುಕೊಡದ ಹಾಗೆ 24 ಗಂಟೆ ಆಸ್ಪತ್ರೆಯಲ್ಲಿ ಇರಿಸಿಕೊಂಡರು. ಪಿಷ್ಟ, ಸಕ್ಕರೆ ಇರುವ ಆಹಾರ ಕೊಟ್ಟು ಆಗಾಗ ರಕ್ತ ತೆಗೆದು ನೋಡಿದರು. ಹನಿ ಮದ್ಯವಿಲ್ಲದ ಕೋಣೆಯಲ್ಲಿ ಅವರ ರಕ್ತದ ಆಲ್ಕೋಹಾಲ್ 120 ಮಿಲಿಗ್ರಾಂಗೆ ಏರಿತು.

ನಾನು ಕೇಳುತ್ತಿರುವುದೂ ಈ ಒಂದು ಪರೀಕ್ಷೆಯನ್ನೇ. ಪ್ರತಿ ಕುಡುಕನಿಗೂ ಮಾಡಿ ಅನ್ನುತ್ತಿಲ್ಲ. ಆದರೆ ಒಬ್ಬ ರೋಗಿ ಮತ್ತೆ ಮತ್ತೆ ಬರುತ್ತಿದ್ದಾನೆ, ಪ್ರತಿ ಸಲವೂ ಕುಡಿದಿಲ್ಲ ಅನ್ನುತ್ತಾನೆ, ಮನೆಯವರೂ ಅದನ್ನೇ ಹೇಳುತ್ತಾರೆ, ಊಟವಾದ ಮೇಲೆಯೇ ಹೀಗಾಗುತ್ತದೆ, ಹಿಂದೆ ಆಂಟಿಬಯೋಟಿಕ್ ಜಾಸ್ತಿ ತೆಗೆದುಕೊಂಡಿದ್ದ ಅಂತಿದ್ದರೆ ಅಷ್ಟು ಸಾಕಲ್ವಾ ಅನುಮಾನ ಬರುವುದಕ್ಕೆ?

ಅಣ್ಣನಿಗೆ ಕೊನೆಗೂ ಇದನ್ನು ಮಾಡಿದ ದಿನ ನಾನು ಅಲ್ಲಿದ್ದೆ. ಬೆಳಿಗ್ಗೆ ಖಾಲಿ ಹೊಟ್ಟೆಯಲ್ಲಿ ರಕ್ತ ತೆಗೆದರು. ಆಲ್ಕೋಹಾಲ್ ಇಲ್ಲ. ನರ್ಸ್ ಒಬ್ಬರು ಅವನ ಬ್ಯಾಗು, ಜೇಬು, ನೀರಿನ ಬಾಟಲಿ, ಮೌತ್‌ವಾಶ್ ಎಲ್ಲ ತೆಗೆದು ಹೊರಗಿಟ್ಟರು. ಬಾತ್‌ರೂಮಿಗೆ ಹೋದರೂ ಜೊತೆಗೆ ಒಬ್ಬರು. ಗ್ಲೂಕೋಸ್ ಕರಗಿಸಿದ ನೀರು ದೊಡ್ಡ ಲೋಟದ ತುಂಬ ಕೊಟ್ಟರು, ಅಣ್ಣ ಕಷ್ಟಪಟ್ಟು ಕುಡಿದ. ಮೊದಲೊಂದು ಗಂಟೆ ಏನೂ ಕಾಣಲಿಲ್ಲ. ಆಮೇಲೆ ಅವನ ಕಣ್ಣು ಭಾರವಾಯಿತು. ಹಾಸಿಗೆ ಪಕ್ಕದ ಗಡಿಯಾರ ತೋರಿಸಿ ನರ್ಸ್ ಟೈಮ್ ಕೇಳಿದರೆ ಎರಡು ಸಲ ತಪ್ಪು ಹೇಳಿದ. ಸಂಜೆ ಹೊತ್ತಿಗೆ ಲ್ಯಾಬಿನಿಂದ ಬಂದ ನಂಬರುಗಳನ್ನು ಡಾಕ್ಟರು ಒಂದರ ಕೆಳಗೊಂದು ಬರೆದು ಅತ್ತಿಗೆಗೆ ತೋರಿಸಿದರು. ಒಂದಕ್ಕಿಂತ ಒಂದು ಜಾಸ್ತಿ. ಅತ್ತಿಗೆ ಆ ಹಾಳೆಯನ್ನು ಮಡಚಿ ಪರ್ಸಿನಲ್ಲಿ ಇಟ್ಟುಕೊಂಡರು.

ಪರೀಕ್ಷೆ ಅಲ್ಲಿಗೇ ಮುಗಿಯುವುದಿಲ್ಲ ಅಂತ ನಿಮಗೆ ನಾನು ಹೇಳಬೇಕಾಗಿಲ್ಲ. ಎಂಡೋಸ್ಕೋಪಿ ಮಾಡಿ ಕರುಳಿನ ದ್ರವ ತೆಗೆದು ಕಲ್ಚರ್ ಮಾಡಬೇಕು, ಅಂದರೆ ಅದರಲ್ಲಿರುವ ಜೀವಿಗಳನ್ನು ಲ್ಯಾಬಿನಲ್ಲಿ ಬೆಳೆಸಿ ನೋಡಬೇಕು, ಯಾವ ಯೀಸ್ಟ್ ಅಂತ ಗುರುತಿಸಬೇಕು, ಅದು ಯಾವ ಔಷಧಿಗೆ ಬಗ್ಗುತ್ತದೆ ಅಂತ ನೋಡಬೇಕು. ಆದರೆ ಅದೆಲ್ಲ ಹೊಟ್ಟೆ ತಜ್ಞರ ಕೆಲಸ. ನಿಮ್ಮಿಂದ ಆಗಬೇಕಾದ್ದು ಅವರ ಹತ್ತಿರ ಕಳಿಸಿಕೊಡುವುದು.

ಹಾಗೆ ಕಳಿಸಿದರೆ ಏನಾಗುತ್ತದೆ ಅನ್ನುವುದಕ್ಕೆ ಕೆನಡಾದ ಟೊರಾಂಟೋದಲ್ಲಿ ಒಂದು ಉದಾಹರಣೆ ಇದೆ. 2024ರಲ್ಲಿ ಕೆನಡಾದ ವೈದ್ಯಕೀಯ ಸಂಘದ ಜರ್ನಲ್‌ನಲ್ಲಿ ಪ್ರಕಟವಾಯಿತು. 50 ವರ್ಷದ ಒಬ್ಬ ಮಹಿಳೆಗೆ ಪದೇ ಪದೇ ಮೂತ್ರದ ಸೋಂಕು, ಅದಕ್ಕೆ ಪದೇ ಪದೇ ಆಂಟಿಬಯೋಟಿಕ್. ಆಮೇಲೆ ಹಗಲಿನಲ್ಲೇ ತಡೆಯಲಾರದ ನಿದ್ದೆ, ತೊದಲು ಮಾತು. ಅಡುಗೆ ಮಾಡುತ್ತಾ ಮಾಡುತ್ತಾ ನಿದ್ದೆ ಹೋಗುತ್ತಿದ್ದರು. ಧರ್ಮದ ಕಾರಣಕ್ಕೆ ಅವರು ಮದ್ಯ ಮುಟ್ಟುತ್ತಿರಲಿಲ್ಲ. ಎರಡು ವರ್ಷದಲ್ಲಿ ಏಳು ಸಲ ಎಮರ್ಜೆನ್ಸಿಗೆ ಹೋದರು. ಮನೋವೈದ್ಯರು ನೋಡಿ, ಇದು ಕುಡಿತದ ಚಟವಲ್ಲ ಅಂದರು. ಆದರೂ ಮನೆಗೆ ಕಳಿಸುತ್ತಲೇ ಇದ್ದರು. ಏಳನೇ ಸಲ ನೋಡಿದ ಎಮರ್ಜೆನ್ಸಿ ಡಾಕ್ಟರಿಗೆ ಮಾತ್ರ ಈ ಕಾಯಿಲೆ ಹೊಳೆಯಿತು. ಹೊಟ್ಟೆ ತಜ್ಞರಿಗೆ ಬರೆದುಕೊಟ್ಟರು. ಫ್ಲುಕೊನಜೋಲ್ ಅನ್ನುವ ಫಂಗಸ್ ಔಷಧಿ ಕೊಟ್ಟು, ಊಟದಲ್ಲಿ ಪಿಷ್ಟ ಕಡಿಮೆ ಮಾಡಿದ ಮೇಲೆ ಲಕ್ಷಣಗಳು ಇಳಿದವು. ಆ ಏಳನೇ ಡಾಕ್ಟರ ಹಾಗೆ ಯೋಚಿಸುವವರು ಮೊದಲನೇ ಸಲವೇ ಸಿಕ್ಕಿದ್ದರೆ ಅವರಿಗೆ ಎರಡು ವರ್ಷ ಉಳಿಯುತ್ತಿತ್ತು.

ತಡವಾದರೆ ಹೋಗುವುದು ಬರೀ ಮಾನವಲ್ಲ. ನ್ಯೂಯಾರ್ಕಿನ ರಿಚ್ಮಂಡ್ ಯೂನಿವರ್ಸಿಟಿ ಮೆಡಿಕಲ್ ಸೆಂಟರ್‌ನವರು 2019ರಲ್ಲಿ ಪ್ರಕಟಿಸಿದ ವರದಿ ಓದಿ ನನಗೆ ರಾತ್ರಿ ನಿದ್ದೆ ಬರಲಿಲ್ಲ. 46 ವರ್ಷದ ವ್ಯಕ್ತಿ. 2011ರಲ್ಲಿ ಹೆಬ್ಬೆರಳಿನ ಗಾಯಕ್ಕೆ ಆಂಟಿಬಯೋಟಿಕ್ ತೆಗೆದುಕೊಂಡಿದ್ದರು. ಆಮೇಲೆ ಸ್ವಭಾವವೇ ಬದಲಾಯಿತು. ಮರೆವು, ಸಿಟ್ಟು. ಖಿನ್ನತೆ ಅಂತ ಮಾತ್ರೆ ಬರೆದರು. ಒಂದು ಬೆಳಿಗ್ಗೆ ಕುಡಿದು ಕಾರು ಓಡಿಸಿದ ಅಂತ ಪೊಲೀಸರು ಹಿಡಿದರು. ರಕ್ತದಲ್ಲಿ 200 ಮಿಲಿಗ್ರಾಂ ಇತ್ತು. ಕುಡಿದಿಲ್ಲ ಅಂದರೆ ಪೊಲೀಸರೂ ನಂಬಲಿಲ್ಲ, ಆಸ್ಪತ್ರೆಯವರೂ ನಂಬಲಿಲ್ಲ. ಮುಂದೆ ಇದೇ ಅಮಲಿನಲ್ಲಿ ಬಿದ್ದು ಅವರ ತಲೆಯೊಳಗೆ ರಕ್ತಸ್ರಾವ ಆಯಿತು. ಆಗ ಅಡ್ಮಿಟ್ ಆಗಿದ್ದ ಆಸ್ಪತ್ರೆಯ ಹಾಸಿಗೆಯಲ್ಲಿ ಮಲಗಿದ್ದಾಗಲೇ ರಕ್ತದ ಆಲ್ಕೋಹಾಲ್ 50ರಿಂದ 400 ಮಿಲಿಗ್ರಾಂ ನಡುವೆ ಏರಿಳಿಯುತ್ತಿತ್ತು. ಆಸ್ಪತ್ರೆಯ ಹಾಸಿಗೆಯಲ್ಲಿ! ಅಲ್ಲಿಯೂ ಸಿಬ್ಬಂದಿ ನಂಬಲಿಲ್ಲ. ಆಮೇಲೆ ಸರಿಯಾದ ವೈದ್ಯರು ಸಿಕ್ಕಿದರು, ಫಂಗಸ್ ಔಷಧಿ ಕೊಟ್ಟರು. ನಡುವೆ ಒಮ್ಮೆ ಪಿಜ್ಜಾ ತಿಂದು ಸೋಡಾ ಕುಡಿದಿದ್ದಕ್ಕೆ ಕಾಯಿಲೆ ಮರುಕಳಿಸಿತು. ರಕ್ತನಾಳದ ಮೂಲಕ ಇನ್ನೊಂದು ಔಷಧಿ ಕೊಡಬೇಕಾಯಿತು. ಕೊನೆಗೆ ಮಾಮೂಲಿ ಊಟಕ್ಕೆ ಮರಳಿದರು. ಆ ವರದಿ ಬರೆದವರೇ ಹೇಳುತ್ತಾರೆ, ಈ ಕಾಯಿಲೆ ಬಹುಶಃ ಇರುವುದಕ್ಕಿಂತ ಕಡಿಮೆ ಪತ್ತೆಯಾಗುತ್ತಿದೆ ಅಂತ.

ಯೀಸ್ಟ್ ಸಿಗದಿದ್ದರೆ ಕಾಯಿಲೆ ಇಲ್ಲ ಅಂತಲೂ ತೀರ್ಮಾನ ಮಾಡುವ ಹಾಗಿಲ್ಲ. 2019ರಲ್ಲಿ ಚೀನಾದ ಸಂಶೋಧಕರು ಒಬ್ಬ ರೋಗಿಯಲ್ಲಿ ಕ್ಲೆಬ್ಸಿಯೆಲ್ಲಾ ನ್ಯುಮೋನಿಯೆ ಅನ್ನುವ ಬ್ಯಾಕ್ಟೀರಿಯಾವೇ ಇಷ್ಟೆಲ್ಲ ಆಲ್ಕೋಹಾಲ್ ಮಾಡುತ್ತಿರುವುದನ್ನು ಕಂಡರು. ಫಂಗಸ್ ಔಷಧಿ ಅವರಿಗೆ ನಾಟಿರಲಿಲ್ಲ. ಅವರಿಗೆ ಲಿವರಿನಲ್ಲಿ ಕೊಬ್ಬು ತುಂಬುವ ಕಾಯಿಲೆಯೂ ಇತ್ತು. ಸಂಶೋಧಕರು ಅಲ್ಲಿಗೆ ನಿಲ್ಲಿಸದೆ, ಕುಡಿಯದೆಯೂ ಫ್ಯಾಟಿ ಲಿವರ್ ಬಂದ ಬೇರೆ ರೋಗಿಗಳನ್ನೂ ನೋಡಿದರು. ಆ ಗುಂಪಿನ ಸುಮಾರು 60% ಜನರಲ್ಲಿ ಹೆಚ್ಚು ಆಲ್ಕೋಹಾಲ್ ಮಾಡುವ ಇಂಥ ಬ್ಯಾಕ್ಟೀರಿಯಾ ಸಿಕ್ಕಿತು. ಇಲಿಗಳಿಗೆ ಅದನ್ನು ಕೊಟ್ಟಾಗ ಅವುಗಳ ಲಿವರಿನಲ್ಲೂ ಕೊಬ್ಬು ಸೇರಿತು. ಹಾಗಾಗಿ ಇದು ಎಲ್ಲೋ ಬೆರಳೆಣಿಕೆಯ ಜನರ ವಿಚಿತ್ರ ಕಥೆ ಅಂತ ಪಕ್ಕಕ್ಕಿಡುವುದು ಸರಿಯಲ್ಲ ಅನ್ನಿಸುತ್ತದೆ ನನಗೆ. ಅಮಲೇರುವಷ್ಟು ಆಗದಿದ್ದರೂ ಒಳಗೆ ಸುಮ್ನೆ ಲಿವರನ್ನು ಹಾಳು ಮಾಡುವಷ್ಟು ಆಗುತ್ತಿರಬಹುದಲ್ಲ.

ಲಿವರ್ ಬದಲಾಯಿಸುವ ಆಪರೇಷನ್‌ಗೆ ರೋಗಿಗಳನ್ನು ಆರಿಸುವ ವೈದ್ಯರಿಗೂ ಒಂದು ಮಾತು. ಅಮೆರಿಕದ ಪಿಟ್ಸ್‌ಬರ್ಗ್‌ನಲ್ಲಿ 61 ವರ್ಷದ ಮಹಿಳೆಯೊಬ್ಬರ ಮೂತ್ರ ಪರೀಕ್ಷೆಯಲ್ಲಿ ಪ್ರತಿ ಸಲವೂ ಆಲ್ಕೋಹಾಲ್ ಬರುತ್ತಿತ್ತು. ಲಿವರ್ ಗಟ್ಟಿಯಾಗಿ ಕೆಡುವ ಸಿರೋಸಿಸ್ ಇತ್ತು, ಹೊಸ ಲಿವರ್ ಬೇಕಿತ್ತು. ಕುಡಿತ ಮುಚ್ಚಿಡುತ್ತಿದ್ದಾರೆ ಅಂತ ಮೊದಲು ಅವರಿಗೆ ಚಟ ಬಿಡಿಸುವ ಚಿಕಿತ್ಸೆಗೆ ಹೋಗಿ ಅಂದಿದ್ದರು. ಪಿಟ್ಸ್‌ಬರ್ಗ್‌ನ ವೈದ್ಯರು ಮಾತ್ರ ಒಂದು ವಿಷಯ ಗಮನಿಸಿದರು. ಮೂತ್ರದಲ್ಲಿ ಆಲ್ಕೋಹಾಲ್ ಇದೆ, ರಕ್ತದಲ್ಲಿ ಇಲ್ಲ. ಆಲ್ಕೋಹಾಲ್ ದೇಹದೊಳಗೆ ಹಾದುಹೋಗಿದ್ದರೆ ಉಳಿಯಬೇಕಾದ ಎಥೈಲ್ ಗ್ಲುಕುರೊನೈಡ್ ಕೂಡ ಇಲ್ಲ. ಅವರಿಗೆ ಸಕ್ಕರೆ ಕಾಯಿಲೆ ಇತ್ತು, ಮೂತ್ರದಲ್ಲಿ ಸಕ್ಕರೆ ಹೋಗುತ್ತಿತ್ತು, ಮೂತ್ರಕೋಶದಲ್ಲಿದ್ದ ಕ್ಯಾಂಡಿಡಾ ಗ್ಲಾಬ್ರಾಟಾ ಯೀಸ್ಟ್ ಆ ಸಕ್ಕರೆಯಿಂದ ಅಲ್ಲೇ ಆಲ್ಕೋಹಾಲ್ ಮಾಡುತ್ತಿತ್ತು. 2020ರಲ್ಲಿ ಇದು ಪ್ರಕಟವಾಯಿತು. ಒಂದೇ ಒಂದು ಮೂತ್ರ ಪರೀಕ್ಷೆ ನಂಬಿ ಒಬ್ಬರ ಪ್ರಾಣದ ಸರದಿಯನ್ನು ತಪ್ಪಿಸಬೇಡಿ. ಹಾಗೆಯೇ, ಕರುಳಿನ ಆಟೋ ಬ್ರೂವರಿ ಇರುವವರಲ್ಲಿ ಇದರ ಉಲ್ಟಾ ಆಗುತ್ತದೆ. ಎಥೈಲ್ ಗ್ಲುಕುರೊನೈಡ್, ಕುಡಿತ ಪತ್ತೆ ಮಾಡಲು ರಕ್ತದಲ್ಲಿ ಹುಡುಕುವ ಪಿಇಟಿಎಚ್, ಎರಡನ್ನೂ ದೇಹ ಎಥನಾಲಿನಿಂದಲೇ ಮಾಡಿಕೊಳ್ಳುತ್ತದೆ. ಆ ಎಥನಾಲ್ ಬಾಟಲಿಯಿಂದ ಬಂತೋ ಕರುಳಿನಿಂದ ಬಂತೋ ಅನ್ನುವ ಭೇದ ಅದಕ್ಕಿಲ್ಲ. ಆದ್ದರಿಂದ ಅಂಥವರಲ್ಲಿ ಆ ಪರೀಕ್ಷೆ ಪಾಸಿಟಿವ್ ಬಂತು ಅಂದಮಾತ್ರಕ್ಕೆ ಸುಳ್ಳುಗಾರ ಅಂತ ಆಗುವುದಿಲ್ಲ.

ಈ ಪತ್ರವನ್ನು ಪೊಲೀಸರು, ನ್ಯಾಯಾಧೀಶರು ಓದಿದರೆ ಅವರಿಗೂ ಹೇಳಬೇಕಾದ್ದಿದೆ. 2024ರ ಏಪ್ರಿಲ್‌ನಲ್ಲಿ ಬೆಲ್ಜಿಯಂನ ಬ್ರೂಜ್ ನಗರದ ಕೋರ್ಟು ಕುಡಿದು ಗಾಡಿ ಓಡಿಸಿದ ಆರೋಪದಿಂದ 40 ವರ್ಷದ ಒಬ್ಬರನ್ನು ಖುಲಾಸೆ ಮಾಡಿತು. ಮೂವರು ವೈದ್ಯರು ಬೇರೆ ಬೇರೆಯಾಗಿ ಪರೀಕ್ಷಿಸಿ, ಈ ಕಾಯಿಲೆ ಇರುವುದು ನಿಜ ಅಂದಿದ್ದರು. ಅವರು ಕೆಲಸ ಮಾಡುತ್ತಿದ್ದದ್ದು ಬಿಯರ್ ಕಾರ್ಖಾನೆಯಲ್ಲಿ! ಅವರ ಮಾತನ್ನು ನಂಬಿಸುವುದು ಎಷ್ಟು ಕಷ್ಟವಾಗಿರಬೇಕು ಯೋಚಿಸಿ.

ಇಲ್ಲಿ ಒಂದು ವಿಷಯ ಖಡಾಖಂಡಿತ ಹೇಳಿಬಿಡುತ್ತೇನೆ. ಈ ಕಾಯಿಲೆ ಗಾಡಿ ಓಡಿಸುವುದಕ್ಕೆ ಪರವಾನಗಿ ಅಲ್ಲ. ಒಳಗೆ ಆದ ಆಲ್ಕೋಹಾಲೂ ಆಲ್ಕೋಹಾಲೇ, ರಸ್ತೆಯಲ್ಲಿ ಎದುರಿಗೆ ಬರುವವರಿಗೆ ಅದರ ಮೂಲ ಕಟ್ಟಿಕೊಂಡು ಆಗಬೇಕಾದ್ದೇನೂ ಇಲ್ಲ. ಅಣ್ಣ ಕಾರಿನ ಕೀಲಿ ಅತ್ತಿಗೆ ಕೈಗೆ ಕೊಟ್ಟಿದ್ದಾನೆ, ಡಾಕ್ಟರು ಹೇಳುವವರೆಗೆ ವಾಪಸ್ ಕೇಳುವುದಿಲ್ಲ. ಸುಳ್ಳು ಹೇಳುವವರಿಗೆ ಇದು ನೆಪವಾಗುತ್ತದೆ ಅನ್ನುವ ಭಯ ನಿಮಗಿದ್ದರೆ, ಅದಕ್ಕೂ ಪರಿಹಾರ ಅದೇ ಪರೀಕ್ಷೆ. ನಿಜವಾಗಿ ಕುಡಿದವನಿಗೆ ಕಾವಲಿನ ಕೋಣೆಯಲ್ಲಿ ಗ್ಲೂಕೋಸ್ ಕೊಟ್ಟರೆ ಆಲ್ಕೋಹಾಲ್ ಏರುವುದಿಲ್ಲ. ನೆಪ ಹೇಳುವವನನ್ನೂ ಅದು ಹಿಡಿದುಕೊಡುತ್ತದೆ. ಯಾರಿಗೂ ಅನ್ಯಾಯವಿಲ್ಲ.

ಇದೇ ಕಾಯಿಲೆ ಇರಬಹುದು ಅಂತ ಅನುಮಾನ ಇರುವವರೂ ಇದನ್ನು ಓದುತ್ತಿರಬಹುದು. ದಯವಿಟ್ಟು ಅಂಗಡಿಯಿಂದ ಫಂಗಸ್ ಮಾತ್ರೆ ತಂದು ನುಂಗಬೇಡಿ. ಅವು ಲಿವರಿಗೆ ಪೆಟ್ಟು ಕೊಡುವಂಥ ಔಷಧಿಗಳು, ಬೇರೆ ಮಾತ್ರೆಗಳ ಜೊತೆ ಜಗಳವಾಡುತ್ತವೆ. ಕಲ್ಚರ್ ಮಾಡದೆ ತೆಗೆದುಕೊಂಡರೆ ನಾಟುತ್ತದೋ ಇಲ್ಲವೋ ಅದೂ ಗೊತ್ತಾಗುವುದಿಲ್ಲ. ಅದರ ಬದಲು ಏನು ತಿಂದಿರಿ, ಎಷ್ಟು ಹೊತ್ತಿಗೆ ಅಮಲೇರಿತು ಅಂತ ಬರೆದಿಡಿ. ಮನೆಗೆ ಒಂದು ಉಸಿರು ಪರೀಕ್ಷೆ ಯಂತ್ರ ತಂದುಕೊಂಡು ಆ ಹೊತ್ತಿನ ನಂಬರನ್ನೂ ಪಕ್ಕದಲ್ಲಿ ಬರೆಯಿರಿ. ಟೆಕ್ಸಸ್‌ನ ಆ 61 ವರ್ಷದ ರೋಗಿ ಮತ್ತು ಅವರ ಹೆಂಡತಿ ಮಾಡಿದ್ದೂ ಇದನ್ನೇ. ಇಂಥ ಒಂದು ನೋಟ್‌ಬುಕ್ ಮುಂದಿಟ್ಟರೆ ಡಾಕ್ಟರು ಕೇಳುವ ರೀತಿಯೇ ಬೇರೆಯಾಗುತ್ತದೆ.

ಗುಣವಾಗುವ ದಾರಿಗಳೂ ಹೆಚ್ಚುತ್ತಿವೆ. ಬೆಲ್ಜಿಯಂನ ಘೆಂಟ್‌ನಲ್ಲಿ ಔಷಧಿಗೆ ಬಗ್ಗದ 47 ವರ್ಷದ ಒಬ್ಬರಿಗೆ ಅವರ 22 ವರ್ಷದ ಮಗಳ ಮಲದಿಂದ ಒಳ್ಳೆಯ ಸೂಕ್ಷ್ಮಜೀವಿಗಳನ್ನು ತೆಗೆದು ಕರುಳಿಗೆ ಸೇರಿಸಿದರು. ಅವರ ಕಾಯಿಲೆ ಹೋಯಿತು. ಕೇಳುವುದಕ್ಕೆ ಮುಜುಗರ ಅನ್ನಿಸಬಹುದು, ಆದರೆ ತಂದೆಯನ್ನು ದಿನಾ ಆ ಸ್ಥಿತಿಯಲ್ಲಿ ನೋಡಿದ ಮಗಳಿಗೆ ಎಂಥ ಮುಜುಗರ?

ಇನ್ನು ಉಳಿದಿರುವುದು ಫೈಲಿನ ವಿಷಯ. ಅಣ್ಣನ ಪರೀಕ್ಷೆ ಆಯಿತು, ಕಲ್ಚರ್ ಆಯಿತು, ಚಿಕಿತ್ಸೆ ನಡೆಯುತ್ತಿದೆ, ಈಗ ಊಟವಾದ ಮೇಲೆ ಸರಿಯಾಗಿ ಮಾತಾಡುತ್ತಾನೆ. ಆದರೆ ಆ ಹಳೆಯ ಆಸ್ಪತ್ರೆಯ ದಾಖಲೆಯಲ್ಲಿ ಇವತ್ತಿಗೂ ಅವನು ಮದ್ಯವ್ಯಸನಿ. ಇನ್ಶೂರೆನ್ಸ್‌ನವರು ಅದನ್ನೇ ತೋರಿಸುತ್ತಾರೆ. ಕೆಲಸದ ಜಾಗದಲ್ಲಿ ಅದನ್ನೇ ಕೇಳುತ್ತಾರೆ. ತಿದ್ದಿಕೊಡಿ ಅಂತ ಅರ್ಜಿ ಕೊಟ್ಟರೆ, ಒಮ್ಮೆ ಬರೆದದ್ದನ್ನು ಅಳಿಸಲು ಬರುವುದಿಲ್ಲ ಅಂದರು. ಅಳಿಸುವುದು ಬೇಡ. ಅದರ ಕೆಳಗೆ ಹೊಸ ರೋಗನಿರ್ಣಯವನ್ನು ತಾರೀಖು ಹಾಕಿ ಸೇರಿಸಿ, ಮೊದಲಿನದು ತಪ್ಪಾಗಿತ್ತು ಅಂತ ಒಂದು ಸಾಲು ಬರೆದು ಸಹಿ ಮಾಡಿ. ಮತ್ತು ಇನ್ನು ಮುಂದೆ ಬರುವವರ ಫೈಲಿನಲ್ಲಿ, ಪರೀಕ್ಷೆ ಆಗುವವರೆಗೆ, ರಕ್ತದಲ್ಲಿ ಇಷ್ಟು ಆಲ್ಕೋಹಾಲ್ ಇತ್ತು, ಕುಡಿದಿಲ್ಲ ಎಂದು ರೋಗಿ ಹೇಳಿದ್ದಾರೆ ಅಂತ ಅಷ್ಟೇ ಬರೆಯಿರಿ.

ಇಂತಿ,
ಒಬ್ಬ ರೋಗಿಯ ತಂಗಿ